ಛಲಗಾರ ವೆಂಡೆಲ್ ಸ್ಕಾಟ್

ಅಮೆರಿಕ ಸಂಯುಕ್ತ ಸಂಸ್ಥಾನದ ವರ್ಜೀನಿಯಾ ರಾಜ್ಯದ ದಕ್ಷಿಣದ ಅಂಚಿನಲ್ಲಿ, ಡ್ಯಾನ್ ನದಿಯ ದಡದ ಮೇಲೆ, ಡ್ಯಾನ್‌ವಿಲ್ ಎಂಬ ಪಟ್ಟಣವಿದೆ. ಹೊಗೆಸೊಪ್ಪಿನ ಪೇಟೆಯೆಂದೂ ಹತ್ತಿಯ ಗಿರಣಿಗಳ ಊರೆಂದೂ ಅದು ಒಂದು ಕಾಲದಲ್ಲಿ ಹೆಸರಾಗಿತ್ತು. ಗುಲಾಮಗಿರಿಯನ್ನು ಉಳಿಸಿಕೊಳ್ಳಲೆಂದು ದಕ್ಷಿಣದ ರಾಜ್ಯಗಳು ಉತ್ತರದೊಡನೆ ಹೂಡಿದ ಅಂತರ್ಯುದ್ಧದ ಕೊನೆಯ ದಿನಗಳಲ್ಲಿ, 1865ರ ಏಪ್ರಿಲ್ ತಿಂಗಳಿನಲ್ಲಿ, ಸೋಲುತ್ತಿದ್ದ ದಕ್ಷಿಣದ ಸರ್ಕಾರವು ಸುಮಾರು ಒಂದು ವಾರ ಕಾಲ ಬೀಡುಬಿಟ್ಟುದು ಈ ಊರಿನಲ್ಲಿಯೇ. ಯುದ್ಧವು ಮುಗಿದು ಗುಲಾಮಗಿರಿಯು ಅಳಿಯಿತು. ಆದರೆ ಕಪ್ಪು ವರ್ಣದವರಿಗೂ ಬಿಳಿಯರಿಗೂ ನಡುವೆ ಎದ್ದಿದ್ದ ಗೋಡೆಯು ಬೀಳಲಿಲ್ಲ. ಶಾಲೆ ಬೇರೆ, ಬಸ್ಸಿನಲ್ಲಿ ಆಸನ ಬೇರೆ, ಕುಡಿಯುವ ನೀರಿನ ನಲ್ಲಿಯೂ ಬೇರೆ. ಇಂಥ ಊರಿನಲ್ಲಿ 1921ರ ಆಗಸ್ಟ್ 29ರಂದು ವೆಂಡೆಲ್ ಸ್ಕಾಟ್ ಕಪ್ಪು ವರ್ಣದ ಕುಟುಂಬವೊಂದರಲ್ಲಿ ಜನಿಸಿದನು.

ಅವನ ತಂದೆಯು ಅನುಕೂಲವಂತರಾದ ಬಿಳಿಯರ ಎರಡು ಮನೆತನಗಳಿಗೆ ಕಾರು ನಡೆಸುವ ಕೆಲಸವನ್ನೂ ಅದನ್ನು ರಿಪೇರಿ ಮಾಡುವ ಕೆಲಸವನ್ನೂ ಮಾಡುತ್ತಿದ್ದನು. ಯಂತ್ರದ ಮರ್ಮವನ್ನು ಹುಡುಗನು ತಂದೆಯಿಂದಲೇ ಕಲಿತನು. ಎಂಜಿನ್ನಿನ ಸದ್ದನ್ನು ಕೇಳಿಯೇ ಅದರ ರೋಗವನ್ನು ಹೇಳಬಲ್ಲ ಮೆಕ್ಯಾನಿಕ್ಕುಗಳು ನಮ್ಮ ಊರುಗಳಲ್ಲಿಯೂ ಇರುತ್ತಾರಷ್ಟೆ. ಸ್ಕಾಟನು ಮುಂದೆ ಆ ಜಾತಿಯ ಮೆಕ್ಯಾನಿಕ್ಕನಾದನು. ವೇಗದ ಹುಚ್ಚು ಮಾತ್ರ ಅವನಿಗೆ ಹುಟ್ಟಿನಿಂದ ಬಂದುದು. ಅವನ ಕೇರಿಯ ಕಪ್ಪು ಹುಡುಗರಲ್ಲಿ ಸೈಕಲ್ ಇದ್ದುದು ಅವನೊಬ್ಬನಿಗೇ. ಅದರ ಮೇಲೆ ಕುಳಿತು ಅವನು ಬಿಳಿಯ ಹುಡುಗರೊಡನೆ ಪಂದ್ಯ ಕಟ್ಟುತ್ತಿದ್ದನು. ಡ್ಯಾನ್‌ವಿಲ್ ಏರುತಗ್ಗಿನ ಊರು. ಒಂದೇ ಕಾಲಿಗೆ ಗಾಲಿಯ ಸ್ಕೇಟನ್ನು ಕಟ್ಟಿಕೊಂಡು ಇಳಿಜಾರಿನ ಬೀದಿಗಳಲ್ಲಿ ಅವನು ಜಾರಿಬರುವುದನ್ನು ಕಂಡವರು ಬೆರಗಾಗುತ್ತಿದ್ದರು.

ಅಲ್ಲಿನ ಕಪ್ಪು ಜನರಿಗೆ ದೊರೆಯುತ್ತಿದ್ದ ಜೀವನೋಪಾಯವೆಂದರೆ ಬಹುಮಟ್ಟಿಗೆ ಗಿರಣಿಯ ಕೂಲಿ, ಇಲ್ಲವೆ ಹೊಗೆಸೊಪ್ಪಿನ ಕಾರ್ಖಾನೆಯ ಕೂಲಿ. ಒಬ್ಬ ಯಜಮಾನನ ಕಣ್ಣಿನ ಕೆಳಗೆ ಹಗಲೆಲ್ಲ ದುಡಿಯುವ ಬಾಳು ತನಗೆ ಬೇಡವೆಂದು ಸ್ಕಾಟನು ಎಳೆಯ ವಯಸ್ಸಿನಲ್ಲಿಯೇ ನಿಶ್ಚಯಿಸಿಕೊಂಡನು. ಪ್ರೌಢಶಾಲೆಯನ್ನು ಮುಗಿಸದೆಯೇ ಬಿಟ್ಟು ಟ್ಯಾಕ್ಸಿ ನಡೆಸತೊಡಗಿದನು. 1943ರಲ್ಲಿ ಮೇರಿ ಎಂಬ ಕನ್ಯೆಯನ್ನು ಮದುವೆಯಾದನು. ಎರಡನೆಯ ಮಹಾಯುದ್ಧದಲ್ಲಿ ಯೂರೋಪಿಗೆ ಹೋಗಿ ಸೈನ್ಯದ ವಾಹನಗಳನ್ನು ರಿಪೇರಿ ಮಾಡುವ ಕೆಲಸದಲ್ಲಿದ್ದನು. ಹಿಟ್ಲರನ ಜನಾಂಗದ್ವೇಷವನ್ನು ಅಳಿಸಲು ಹೊರಟ ಆ ಸೈನ್ಯದಲ್ಲಿಯೂ ಕಪ್ಪು ಸೈನಿಕರ ದಳಗಳು ಬೇರೆ, ಬಿಳಿಯರ ದಳಗಳು ಬೇರೆಯಾಗಿದ್ದವು. ಯುದ್ಧವು ಮುಗಿದ ಮೇಲೆ ಸ್ಕಾಟನು ಊರಿಗೆ ಮರಳಿ ಒಂದು ಗ್ಯಾರೇಜನ್ನು ತೆರೆದನು.

ಗ್ಯಾರೇಜಿನ ಸಂಪಾದನೆಯು ಸಂಸಾರಕ್ಕೆ ಸಾಲದಾಯಿತು. ಆಗ ಅವನು ಹಿಡಿದ ಇನ್ನೊಂದು ದಾರಿಯನ್ನು ಮರೆಮಾಚುವುದು ಸರಿಯಲ್ಲ. ದಕ್ಷಿಣದ ಗುಡ್ಡಗಾಡುಗಳಲ್ಲಿ ಸರ್ಕಾರಕ್ಕೆ ಸುಂಕ ಕೊಡದೆ ಕಾಯಿಸುವ ಕಳ್ಳಭಟ್ಟಿಯ ವ್ಯಾಪಾರವು ಹಲವು ತಲೆಮಾರುಗಳಿಂದ ನಡೆದುಬಂದಿತ್ತು. ರಾತ್ರಿಯ ಹೊತ್ತು, ಪೋಲೀಸರ ಕಣ್ಣು ತಪ್ಪಿಸಿ, ಆ ಮದ್ಯವನ್ನು ಊರಿಂದೂರಿಗೆ ಕಾರಿನಲ್ಲಿ ಸಾಗಿಸುವವರಿಗೆ ಒಳ್ಳೆಯ ಹಣ ಸಿಗುತ್ತಿತ್ತು. ಹೊರಗಿನಿಂದ ನೋಡಿದರೆ ಸಾಮಾನ್ಯ ಕಾರು. ಒಳಗಿನ ಎಂಜಿನ್ ಮಾತ್ರ ಬೆನ್ನಟ್ಟುವ ಯಾವ ಪೋಲೀಸ್ ವಾಹನಕ್ಕೂ ಸಿಗದಂಥದು. ಸ್ಕಾಟನು ಇಂಥ ಕಾರುಗಳನ್ನು ತಾನೇ ಸಿದ್ಧಪಡಿಸಿ ತಾನೇ ಓಡಿಸಿದನು. 1949ರಲ್ಲಿ ಒಮ್ಮೆ ಸಿಕ್ಕಿಬಿದ್ದು, ಮೂರು ವರ್ಷಗಳ ಕಾಲ ಸನ್ನಡತೆಯಿಂದ ಇರಬೇಕೆಂಬ ಕಟ್ಟಳೆಗೆ ಒಳಗಾದನು. ಕೆಲಸವು ಕಾನೂನಿಗೆ ವಿರುದ್ಧವಾದುದು. ಅದನ್ನು ಯಾರೂ ಹೊಗಳಬೇಕಾಗಿಲ್ಲ. ಆದರೆ ಅಮೆರಿಕದ ಒಂದು ದೊಡ್ಡ ಕ್ರೀಡೆಯ ಬೇರು ಈ ಕಳ್ಳದಾರಿಗಳಲ್ಲಿಯೇ ಇದೆ ಎಂಬುದನ್ನು ಹೇಳದೆ ಈ ಕಥೆಯು ಮುಂದೆ ಸಾಗುವುದಿಲ್ಲ.

ಕಳ್ಳಭಟ್ಟಿ ಸಾಗಿಸುವ ಚಾಲಕರು ಯಾರ ಕಾರು ಹೆಚ್ಚು ವೇಗದ್ದೆಂಬ ಹುರುಡಿನಿಂದ ಬಯಲುಗಳಲ್ಲಿ ಪಂದ್ಯ ಕಟ್ಟಿ ಓಡತೊಡಗಿದರು. ನೋಡಲು ಜನ ಸೇರಿದರು. ಕ್ರಮೇಣ ಮಣ್ಣಿನ ಓಟದ ಪಥಗಳು ಊರೂರಿನಲ್ಲಿಯೂ ಹುಟ್ಟಿಕೊಂಡವು. ಇವಕ್ಕೆ ಸ್ಟಾಕ್ ಕಾರ್ ಪಂದ್ಯಗಳೆಂದು ಹೆಸರು. ಪಂದ್ಯಕ್ಕೆಂದೇ ನಿರ್ಮಿಸಿದ ವಿಶೇಷ ಕಾರುಗಳಲ್ಲದೆ, ಅಂಗಡಿಯಲ್ಲಿ ಯಾರು ಬೇಕಾದರೂ ಕೊಳ್ಳಬಹುದಾದ ಕಾರುಗಳನ್ನು ಓಡಿಸುವುದರಿಂದ ಈ ಹೆಸರು ಬಂದಿತು. 1948ರಲ್ಲಿ ಬಿಲ್ ಫ್ರಾನ್ಸ್ ಎಂಬವನು ಮುಂದಾಳಾಗಿ ನ್ಯಾಸ್ಕಾರ್ ಎಂಬ ಸಂಸ್ಥೆಯನ್ನು ಕಟ್ಟಿ ಈ ಪಂದ್ಯಗಳಿಗೆ ಒಂದು ನಿಯಮಾವಳಿಯನ್ನು ತಂದನು. 1950ರಲ್ಲಿ ದಕ್ಷಿಣ ಕೆರೋಲಿನಾದ ಡಾರ್ಲಿಂಗ್‌ಟನ್ನಿನಲ್ಲಿ 500 ಮೈಲಿಗಳ ದೂರದ ಪಂದ್ಯವು ಮೊದಲ ಬಾರಿಗೆ ನಡೆಯಿತು. ಗೆದ್ದವನಿಗೆ ಆ ದೂರವನ್ನು ಮುಗಿಸಲು ಆರೂವರೆ ಗಂಟೆಗೂ ಹೆಚ್ಚು ಕಾಲ ಹಿಡಿಯಿತು. ಬೆಂಗಳೂರಿನಿಂದ ಹೊರಟವನು ಎಂಟುನೂರು ಕಿಲೋಮೀಟರು ದೂರದವರೆಗೆ, ಒಂದೇ ವೃತ್ತದಲ್ಲಿ ಸುತ್ತುತ್ತ, ಕಾದ ಎಂಜಿನ್ನಿನ ಹಿಂದೆ ಕುಳಿತು, ಅಕ್ಕಪಕ್ಕದಲ್ಲಿ ಹತ್ತಾರು ಕಾರುಗಳು ಮೈಗೆ ಮೈ ತಾಗಿಸುತ್ತಿರಲು ಓಡಿಸುವುದನ್ನು ಊಹಿಸಿಕೊಂಡರೆ ಈ ಆಟದ ಕಾಠಿಣ್ಯವು ತಿಳಿದೀತು.

ಈ ಆಟದೊಳಕ್ಕೆ ಸ್ಕಾಟನು ಕಾಲಿಟ್ಟ ಬಗೆಯು ವಿಚಿತ್ರವಾದುದು. 1952ರಲ್ಲಿ ಡ್ಯಾನ್‌ವಿಲ್‌ನ ಜಾತ್ರೆಯ ಬಯಲಿನಲ್ಲಿದ್ದ ಪಥದಲ್ಲಿ ಪಂದ್ಯ ನಡೆಸುತ್ತಿದ್ದವರಿಗೆ ಜನ ಸಾಲದಾದರು. ಕಪ್ಪು ವರ್ಣದ ಚಾಲಕನೊಬ್ಬನನ್ನು ಇಳಿಸಿದರೆ ಅದನ್ನೊಂದು ತಮಾಷೆಯೆಂದು ನೋಡಲು ಜನ ಬಂದಾರು ಎಂಬ ಉಪಾಯವು ಅವರಿಗೆ ಹೊಳೆಯಿತು. ಊರಿನಲ್ಲಿ ಅತಿ ವೇಗವಾಗಿ ಕಾರು ಓಡಿಸುವ ಕಪ್ಪು ಮನುಷ್ಯನು ಯಾರೆಂದು ಅವರು ಪೋಲೀಸರನ್ನೇ ವಿಚಾರಿಸಿದರು. ಸ್ಕಾಟನ ಹಿಂದೆ ಎಷ್ಟೋ ರಾತ್ರಿ ಓಡಿ ದಣಿದಿದ್ದ ಪೋಲೀಸರು ಅವನ ಹೆಸರನ್ನೇ ಹೇಳಿದರು. ಅವನ ಪ್ರಾವೀಣ್ಯಕ್ಕೆ ಇದಕ್ಕಿಂತ ಪ್ರಾಮಾಣಿಕವಾದ ಯೋಗ್ಯತಾಪತ್ರವು ಬೇರೆ ಬೇಕಾಗಿರಲಿಲ್ಲ. ಆ ದಿನ ಪ್ರೇಕ್ಷಕರಲ್ಲಿ ಕೆಲವರು ಅವನನ್ನು ಕೂಗಿ ಹಳಿದರು. ಕಾರು ನಡುವೆ ಕೆಟ್ಟು ನಿಂತಿತು. ಆದರೆ ತನ್ನ ಬಾಳಿನ ಕೆಲಸ ಯಾವುದೆಂಬುದು ಅವನಿಗೆ ಆ ದಿನ ತಿಳಿಯಿತು. ಆಗ ಅವನಿಗೆ ಮೂವತ್ತು ವರ್ಷ ವಯಸ್ಸು.

ಬೇಗನೆ ಅವನು ಕಾರನ್ನು ಎಳೆದುಕೊಂಡು ಉತ್ತರ ಕೆರೋಲಿನಾದ ವಿನ್ಸ್‌ಟನ್-ಸೇಲಂ ಎಂಬಲ್ಲಿ ನ್ಯಾಸ್ಕಾರ್ ನಡೆಸುತ್ತಿದ್ದ ಪಂದ್ಯಕ್ಕೆ ಹೋದನು. ಕಪ್ಪು ವರ್ಣದವನಿಗೆ ಪ್ರವೇಶವಿಲ್ಲವೆಂದು ಅಲ್ಲಿ ತಿರುಗಿ ಕಳುಹಿಸಿದರು. ಹೈ ಪಾಯಿಂಟ್ ಎಂಬ ಇನ್ನೊಂದು ಊರಿಗೆ ಹೋದನು. ಅಲ್ಲಿಯೂ ಅದೇ ಉತ್ತರ. ಅಂದು ಮನೆಗೆ ಮರಳುವ ದಾರಿಯಲ್ಲಿ ಅವನ ಕಣ್ಣುಗಳಲ್ಲಿ ನೀರು ಬಂದಿತಂತೆ. ಅಷ್ಟಕ್ಕೇ ಅವನು ಕೈಕಟ್ಟಿ ಕೂರಲಿಲ್ಲ. ನ್ಯಾಸ್ಕಾರಿಗೆ ಸೇರದ ಸಣ್ಣ ಪುಟ್ಟ ಪಂದ್ಯಗಳಲ್ಲಿ ಓಡಿದನು. ಕೆಲವು ದಿನಗಳಲ್ಲಿಯೇ ಲಿಂಚ್‌ಬರ್ಗ್‌ ಎಂಬಲ್ಲಿ ಮೊದಲ ಗೆಲುವನ್ನೂ ಕಂಡನು. ಅವನು ಗೆಲ್ಲುತ್ತ ಬಂದಂತೆ, ಮೊದಲು ಹಳಿಯುತ್ತಿದ್ದ ಜನರಲ್ಲಿ ಕೆಲವರು ಅವನ ಪಕ್ಷಪಾತಿಗಳಾದರು. ಕಳ್ಳಭಟ್ಟಿಯ ಬಡ ಬಿಳಿಯ ಚಾಲಕರಿಗೂ ಅವನಿಗೂ ಕಸಬು ಒಂದೇ, ಬಡತನವೂ ಒಂದೇ. ಆದ್ದರಿಂದ ಅವರಲ್ಲಿ ಹಲವರು ಅವನೊಡನೆ ಸಲುಗೆಯಿಂದಿದ್ದರು. ಬೇಕೆಂದೇ ಅವನ ಕಾರಿಗೆ ಡಿಕ್ಕಿ ಹೊಡೆದು ಪಥದಿಂದ ಹೊರದೂಡುತ್ತಿದ್ದವರೂ ಇದ್ದರು. ಪ್ರತಿಯಾಗಿ ಡಿಕ್ಕಿ ಹೊಡೆಯುವುದಾಗಲಿ ಕೈಮಿಲಾಯಿಸುವುದಾಗಲಿ ಅವನಿಗೆ ಸಾಧ್ಯವಿರಲಿಲ್ಲ. ಬಿಳಿಯ ಚಾಲಕರು ಜಗಳವಾಡಿದರೆ ಅದು ಆಟದ ಭಾಗವೆನಿಸುತ್ತಿತ್ತು. ಕಪ್ಪು ಚಾಲಕನು ಕೈಯೆತ್ತಿದರೆ ಅಂದಿಗೆ ಅವನ ಆಟವೇ ಮುಗಿಯುತ್ತಿತ್ತು.

ನ್ಯಾಸ್ಕಾರಿನ ಲೈಸೆನ್ಸು ಅವನಿಗೆ ದೊರೆತುದು ದೊಡ್ಡ ಕಚೇರಿಯ ಅಪ್ಪಣೆಯಿಂದಲ್ಲ. 1950ರ ದಶಕದ ಮೊದಲ ವರ್ಷಗಳಲ್ಲಿ ವರ್ಜೀನಿಯಾದ ರಾಜಧಾನಿ ರಿಚ್ಮಂಡಿನಲ್ಲಿ ಪಂದ್ಯವನ್ನು ನೋಡಿಕೊಳ್ಳುತ್ತಿದ್ದ ಒಬ್ಬ ಕಿರಿಯ ಅಧಿಕಾರಿಯನ್ನು ಕಂಡು ಅವನು ನೇರವಾಗಿ ಲೈಸೆನ್ಸು ಕೇಳಿದನು. ಆ ಅಧಿಕಾರಿಯು, ಇದರಿಂದ ಬರಬಹುದಾದ ಕಷ್ಟಗಳನ್ನೆಲ್ಲ ವಿವರಿಸಿ ಎಚ್ಚರಿಸಿ, ಕಡೆಗೆ ಕಾಗದಕ್ಕೆ ಸಹಿ ಹಾಕಿದನು. ಇತಿಹಾಸದಲ್ಲಿ ಬಾಗಿಲುಗಳು ಅನೇಕ ವೇಳೆ ಹೀಗೆಯೇ ತೆರೆಯುತ್ತವೆ. ಒಳಗೆ ಕುಳಿತ ದೊಡ್ಡವರಿಗೆ ಸುದ್ದಿ ಮುಟ್ಟುವಷ್ಟರಲ್ಲಿ ಮನುಷ್ಯನು ಹೊಸ್ತಿಲು ದಾಟಿರುತ್ತಾನೆ.

ಮುಂದಿನ ಏಳೆಂಟು ವರ್ಷಗಳು ದುಡಿಮೆಯ ವರ್ಷಗಳು. ವಾರದಲ್ಲಿ ಹಲವು ರಾತ್ರಿ ಒಂದೊಂದು ಊರಿನಲ್ಲಿ ಪಂದ್ಯ. ಹಗಲೆಲ್ಲ ಗ್ಯಾರೇಜಿನಲ್ಲಿ ರಿಪೇರಿ. 1959ರಲ್ಲಿ ಅವನು ಇಪ್ಪತ್ತೆರಡು ಪಂದ್ಯಗಳನ್ನು ಗೆದ್ದು, ಸ್ಪೋರ್ಟ್ಸ್‌ಮನ್ ಎಂಬ ದರ್ಜೆಯಲ್ಲಿ ವರ್ಜೀನಿಯಾ ರಾಜ್ಯದ ಅಗ್ರಸ್ಥಾನವನ್ನು ಪಡೆದನು. 1961ರ ಮಾರ್ಚ್ 4ರಂದು, ದಕ್ಷಿಣ ಕೆರೋಲಿನಾದ ಸ್ಪಾರ್ಟನ್‌ಬರ್ಗಿನಲ್ಲಿ, ನ್ಯಾಸ್ಕಾರಿನ ಅತ್ಯುನ್ನತ ದರ್ಜೆಯಾದ ಗ್ರ್ಯಾಂಡ್ ನ್ಯಾಷನಲ್ ಪಂದ್ಯದಲ್ಲಿ ಮೊದಲ ಬಾರಿಗೆ ಓಡಿದನು.

ಈ ಮೇಲಿನ ದರ್ಜೆಯಲ್ಲಿ ಸ್ಪರ್ಧೆಯ ಸ್ವರೂಪವೇ ಬೇರೆ. ಫೋರ್ಡ್, ಕ್ರೈಸ್ಲರ್ ಮೊದಲಾದ ದೊಡ್ಡ ಕಾರ್ಖಾನೆಗಳು ತಮ್ಮ ಕಾರುಗಳ ಹೆಸರನ್ನು ಮೆರೆಸಲೆಂದು ಮುಖ್ಯ ಚಾಲಕರಿಗೆ ಹಣವನ್ನೂ ಹೊಸ ಎಂಜಿನ್ನುಗಳನ್ನೂ ನುರಿತ ಕೆಲಸಗಾರರನ್ನೂ ಒದಗಿಸುತ್ತಿದ್ದವು. ಸ್ಕಾಟನ ಹಿಂದೆ ಯಾವ ಕಾರ್ಖಾನೆಯೂ ನಿಲ್ಲಲಿಲ್ಲ. ಅವನ ಕಾರು ಇನ್ನೊಬ್ಬರು ಓಡಿಸಿ ಮಾರಿದ ಹಳೆಯ ಕಾರು. ಅವನ ಟೈರುಗಳು ಅನೇಕ ವೇಳೆ ಸಿರಿವಂತ ತಂಡಗಳು ಅರೆಸವೆದವೆಂದು ಬದಿಗಿಟ್ಟವು. ಕಾರಿನ ಒಡೆಯನೂ ಅವನೇ, ಮೆಕ್ಯಾನಿಕ್ಕನೂ ಅವನೇ, ಚಾಲಕನೂ ಅವನೇ. ಓಟದ ನಡುವೆ ಪೆಟ್ರೋಲು ತುಂಬಿಸಿ ಚಕ್ರ ಬದಲಿಸಲು ಪಥದ ಬದಿಯಲ್ಲಿ ಪಿಟ್ ಎಂಬ ಜಾಗವಿರುತ್ತದೆ. ಇತರರ ಪಿಟ್‌ಗಳಲ್ಲಿ ಸಂಬಳದ ಕೆಲಸಗಾರರು ಕಾದು ನಿಂತಿರುತ್ತಿದ್ದರೆ, ಸ್ಕಾಟನ ಪಿಟ್‌ನಲ್ಲಿ ಇನ್ನೂ ಶಾಲೆಗೆ ಹೋಗುತ್ತಿದ್ದ ಅವನ ಗಂಡುಮಕ್ಕಳು ಸ್ಪಾನರು ಹಿಡಿದು ನಿಲ್ಲುತ್ತಿದ್ದರು. ಕೈ ಸಾಲದೆ ಹೋದಾಗ ಚಾಲಕನೇ ಕಾರಿನಿಂದ ಹಾರಿ ಇಳಿದು ಕೆಲಸಕ್ಕೆ ಕೈಹಾಕಿ, ಮತ್ತೆ ಒಳಹೊಕ್ಕು ಓಡುತ್ತಿದ್ದನು.

ಕಾರಿಗೆ ಅಂಟಿಸಿದ ಅಂಕೆ 34. ಅದನ್ನು ಟ್ರಕ್ಕಿನ ಹಿಂದೆ ಕಟ್ಟಿಕೊಂಡು ಕುಟುಂಬವು ನೂರಾರು ಮೈಲಿ ಪ್ರಯಾಣ ಮಾಡುತ್ತಿತ್ತು. ದಾರಿಯ ಹೋಟೆಲುಗಳಲ್ಲಿ ಕಪ್ಪು ಜನರಿಗೆ ಕೋಣೆ ಕೊಡುತ್ತಿರಲಿಲ್ಲ. ಊಟದ ಮನೆಗಳಲ್ಲಿ ಮೇಜಿನ ಮುಂದೆ ಕೂಡಿಸುತ್ತಿರಲಿಲ್ಲ. ಆದ್ದರಿಂದ ಮನೆಯಿಂದಲೇ ಬುತ್ತಿ ಕಟ್ಟಿಕೊಂಡು ಹೊರಟು, ವಾಹನದಲ್ಲಿಯೇ ಮಲಗುತ್ತಿದ್ದರು. ಮರುದಿನ ಬೆಳಿಗ್ಗೆ ಹಾಸಿಗೆಯಲ್ಲಿ ಮಲಗಿ ಎದ್ದು ಬಂದವರೊಡನೆ ಸ್ಪರ್ಧಿಸಬೇಕಾಗಿತ್ತು. ಹೀಗಿದ್ದರೂ ಎಲ್ಲ ಬಿಳಿಯ ಚಾಲಕರೂ ಅವನಿಗೆ ವಿರೋಧಿಗಳಾಗಿದ್ದರೆಂದು ತಿಳಿಯಬಾರದು. ಅರ್ಲ್ ಬ್ರೂಕ್ಸ್ ಎಂಬ ಚಾಲಕನು ಅವನ ಆಪ್ತಮಿತ್ರನಾಗಿದ್ದನು. ಅಗ್ರ ಚಾಲಕನಾಗಿದ್ದ ನೆಡ್ ಜ್ಯಾರೆಟ್ ತಾನು ಓಡಿಸಿದ್ದ 1962ರ ಮಾದರಿಯ ಷೆವರ್ಲೆ ಕಾರನ್ನು ಅವನಿಗೆ ಮಾರಿದನು.

1963ನೆಯ ವರ್ಷವು ಅಮೆರಿಕದ ಕಪ್ಪು ಜನರ ಹೋರಾಟದಲ್ಲಿ ಮರೆಯಲಾಗದ ವರ್ಷ. ಆ ವರ್ಷದ ಜೂನ್ 10ರಂದು ಸ್ಕಾಟನ ಊರಾದ ಡ್ಯಾನ್‌ವಿಲ್‌ನಲ್ಲಿಯೇ, ಸಮಾನ ಹಕ್ಕುಗಳನ್ನು ಕೇಳಿ ಶಾಂತಿಯಿಂದ ನೆರೆದಿದ್ದ ಜನರ ಮೇಲೆ ಪೋಲೀಸರು ಬೆಂಕಿ ಆರಿಸುವ ಕೊಳವೆಗಳಿಂದ ನೀರು ಹಾಯಿಸಿ, ದೊಣ್ಣೆಗಳಿಂದ ಬಡಿದರು. ಆಗಸ್ಟ್ 28ರಂದು ಮಾರ್ಟಿನ್ ಲೂಥರ್ ಕಿಂಗ್ ಮೊದಲಾದವರ ಮುಂದಾಳುತನದಲ್ಲಿ ಎರಡು ಲಕ್ಷಕ್ಕೂ ಹೆಚ್ಚು ಜನರು ವಾಷಿಂಗ್ಟನ್ನಿನಲ್ಲಿ ಸೇರಿದರು. ನವೆಂಬರ್ 22ರಂದು ಅಧ್ಯಕ್ಷ ಕೆನಡಿಯ ಕೊಲೆಯಾಯಿತು. ಅದಾದ ಒಂಬತ್ತನೆಯ ದಿನ, ಡಿಸೆಂಬರ್ 1ರ ಭಾನುವಾರ, ಫ್ಲಾರಿಡಾ ರಾಜ್ಯದ ಜ್ಯಾಕ್ಸನ್‌ವಿಲ್ ನಗರದಲ್ಲಿ ಗ್ರ್ಯಾಂಡ್ ನ್ಯಾಷನಲ್ ದರ್ಜೆಯ ಒಂದು ಪಂದ್ಯವು ಏರ್ಪಟ್ಟಿತು.

ಪಥವು ಅರ್ಧ ಮೈಲಿ ಸುತ್ತಳತೆಯ ಮಣ್ಣಿನ ಹಾದಿ. ಅದರ ಮೇಲೆ 200 ಸುತ್ತು, ಎಂದರೆ 100 ಮೈಲಿ, ಓಡಬೇಕಾಗಿತ್ತು. ಓಟವು ಸಾಗಿದಂತೆ ಮಣ್ಣು ಕಿತ್ತು ಗುಂಡಿಗಳು ಬಿದ್ದವು. ಇಂಥ ಹಾದಿಯಲ್ಲಿ ಬರಿಯ ವೇಗವನ್ನು ನಂಬಿದವನ ಕಾರು ಬೇಗನೆ ಮುರಿಯುತ್ತದೆ. ಮುರಿದರೆ ಸರಿಪಡಿಸಲು ತನ್ನ ಜೇಬಿನಿಂದಲೇ ಹಣ ತೆಗೆಯಬೇಕಾದ ಸ್ಕಾಟನಿಗೆ ಕಾರನ್ನು ಉಳಿಸಿಕೊಂಡು ಓಡಿಸುವ ವಿದ್ಯೆಯು ಕರಗತವಾಗಿತ್ತು. ಇನ್ನು 25 ಸುತ್ತುಗಳು ಉಳಿದಿರುವಾಗ, ಮುಂದೆ ಇಡೀ ಅಮೆರಿಕಕ್ಕೆ ಹೆಸರಾದ ರಿಚರ್ಡ್ ಪೆಟ್ಟಿಯ ಕಾರು ತೊಂದರೆಗೆ ಸಿಕ್ಕಿ ನಿಧಾನವಾಯಿತು. ಸ್ಕಾಟನು ಅದನ್ನು ಹಿಂದೆ ಹಾಕಿ ಎಲ್ಲರಿಗಿಂತ ಮುಂದಾದನು.

ಇನ್ನೂರನೆಯ ಸುತ್ತನ್ನು ಮುಗಿಸಿ ಅವನು ಗೆರೆ ದಾಟಿದಾಗ, ಗೆದ್ದವನಿಗೆ ಬೀಸಬೇಕಾದ ಚೌಕಳಿ ಬಾವುಟವು ಮೇಲೇಳಲಿಲ್ಲ. ಸ್ಕಾಟನು ಮತ್ತೊಂದು ಸುತ್ತು ಬಂದನು. ಆಗಲೂ ಬಾವುಟವಿಲ್ಲ. ಇನ್ನೂ ಒಂದು ಸುತ್ತಾಯಿತು. ಕೊನೆಗೆ ಬಾವುಟವನ್ನು ಬೀಸಿದುದು ಅವನಿಗಿಂತ ಎರಡು ಸುತ್ತು ಹಿಂದೆ ಇದ್ದ ಬಕ್ ಬೇಕರ್ ಎಂಬ ಚಾಲಕನಿಗೆ. ಬೇಕರನು 1956ರಲ್ಲಿಯೂ 1957ರಲ್ಲಿಯೂ ವರ್ಷದ ಅಗ್ರಪಟ್ಟವನ್ನು ಗೆದ್ದ ಖ್ಯಾತ ಓಟಗಾರ. ಅವನೇ ವಿಜಯಿಯೆಂದು ಸಾರಲಾಯಿತು. ನಗುತ್ತ ನಿಂತ ಸುಂದರಿಯೊಬ್ಬಳ ಪಕ್ಕದಲ್ಲಿ ಅವನು ಪಾರಿತೋಷಕವನ್ನು ಸ್ವೀಕರಿಸಿದನು, ಛಾಯಾಚಿತ್ರಗಳನ್ನು ತೆಗೆದರು, ಪ್ರೇಕ್ಷಕರು ಮನೆಗಳಿಗೆ ಹೊರಟರು. ಸ್ಕಾಟನು ಹೋಗಲಿಲ್ಲ. ಗೆದ್ದವನು ತಾನೆಂದು ಅವನಿಗೆ ಖಚಿತವಾಗಿತ್ತು. ಲೆಕ್ಕವನ್ನು ಮತ್ತೆ ನೋಡಬೇಕೆಂದು ಪಟ್ಟುಹಿಡಿದು ನಿಂತನು.

ಈಗಿನಂತೆ ಕಾರಿನೊಳಗಿನ ಯಂತ್ರವೇ ಸುತ್ತನ್ನು ಎಣಿಸುವ ವ್ಯವಸ್ಥೆಯು ಆಗ ಇರಲಿಲ್ಲ. ಒಂದೊಂದು ಕಾರಿಗೂ ಒಬ್ಬೊಬ್ಬರು ಕುಳಿತು, ಅದು ಗೆರೆ ದಾಟಿದಾಗಲೆಲ್ಲ ಗಡಿಯಾರ ನೋಡಿ ಹಾಳೆಯ ಮೇಲೆ ಗುರುತು ಹಾಕುತ್ತಿದ್ದರು. ತಪ್ಪಾಗುವ ಸಂಭವವು ಇದ್ದೇ ಇತ್ತು, ಇತರ ಪಂದ್ಯಗಳಲ್ಲಿಯೂ ಅಂಥ ತಪ್ಪುಗಳು ಆಗುತ್ತಿದ್ದವು. ಸುಮಾರು ಎರಡು ಗಂಟೆಗಳ ತರುವಾಯ, ಆಸನಗಳೆಲ್ಲ ಬರಿದಾದ ಮೇಲೆ, ಅಧಿಕಾರಿಗಳು ಹಾಳೆಗಳನ್ನು ಪರಿಶೀಲಿಸಿ ಸ್ಕಾಟನು 202 ಸುತ್ತು ಓಡಿದ್ದಾನೆಂದೂ ಗೆಲುವು ಅವನದೇ ಎಂದೂ ಒಪ್ಪಿಕೊಂಡರು. ಮೊದಲ ಬಹುಮಾನದ ಸಾವಿರ ಡಾಲರ್ ಅವನಿಗೆ ಸಂದಿತು. ಪಾರಿತೋಷಕವು ಆಗಲೇ ಬೇಕರನೊಡನೆ ಹೊರಟುಹೋಗಿತ್ತು.

ಇದು ಬರಿಯ ಎಣಿಕೆಯ ತಪ್ಪೆಂದು ಸ್ಕಾಟನು ಎಂದಿಗೂ ನಂಬಲಿಲ್ಲ. ಪಾರಿತೋಷಕವನ್ನು ಕೊಡುವಾಗ ಸುಂದರಿಯು ಗೆದ್ದವನಿಗೆ ಮುತ್ತು ಕೊಡುವ ಪದ್ಧತಿಯು ಅಲ್ಲಿತ್ತು. ಬಿಳಿಯಳೊಬ್ಬಳ ಪಕ್ಕದಲ್ಲಿ ಕಪ್ಪು ವಿಜಯಿಯನ್ನು ಸಾವಿರಾರು ಜನರೆದುರು ನಿಲ್ಲಿಸಲು ಅಧಿಕಾರಿಗಳು ಹೆದರಿದರೆಂಬುದು ಅವನ ದೃಢವಾದ ಅಭಿಪ್ರಾಯ. ಆ ಎರಡು ವರ್ಣದವರು ಮದುವೆಯಾಗುವುದನ್ನು ಫ್ಲಾರಿಡಾ, ವರ್ಜೀನಿಯಾ ಮೊದಲಾದ ರಾಜ್ಯಗಳ ಕಾನೂನು ಅಪರಾಧವೆಂದು ಎಣಿಸುತ್ತಿತ್ತು. 1967ರಲ್ಲಿ ದೇಶದ ಶ್ರೇಷ್ಠ ನ್ಯಾಯಾಲಯವು ಅಂಥ ಕಾನೂನುಗಳನ್ನು ರದ್ದುಮಾಡಿತು. ಇದನ್ನು ನೆನೆದರೆ ಸ್ಕಾಟನ ಸಂಶಯವು ಬುಡವಿಲ್ಲದ್ದೆಂದು ಹೇಳುವಂತಿಲ್ಲ. ಕೆಲವು ವಾರಗಳ ಬಳಿಕ ಜಾರ್ಜಿಯಾ ರಾಜ್ಯದ ಸವಾನ್ನಾದಲ್ಲಿ ಅವನ ಕೈಗೆ ಒಂದು ಪಾರಿತೋಷಕವನ್ನು ಇಡಲಾಯಿತು. ಅದು ಅಗ್ಗದ ಮರದ ವಸ್ತು. ಗೆದ್ದವನ ಹೆಸರಾಗಲಿ ಪಂದ್ಯದ ಹೆಸರಾಗಲಿ ಅದರ ಮೇಲೆ ಇರಲಿಲ್ಲ. ಅಡಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದೆಂದು ನಮ್ಮ ಹಿರಿಯರು ಹೇಳುತ್ತಾರೆ. ಜ್ಯಾಕ್ಸನ್‌ವಿಲ್‌ನಲ್ಲಿ ಮಾನ ಹೋದದ್ದು ಸ್ಕಾಟನದಲ್ಲ.

ಅವನು ಆ ಮರದ ತುಂಡನ್ನು ಮನೆಗೆ ಒಯ್ದನು. ಮುಂದಿನ ಪಂದ್ಯಕ್ಕೆ ಕಾರನ್ನು ಸಿದ್ಧಪಡಿಸಿದನು. ಅಷ್ಟು ದೊಡ್ಡ ಗೆಲುವಿನ ನಂತರವೂ ಯಾವ ಕಾರ್ಖಾನೆಯೂ ಅವನನ್ನು ಕರೆಯಲಿಲ್ಲ. ಆ ಗೆಲುವನ್ನು ಜನರು ಕಣ್ಣಾರೆ ಕಂಡು, ಪತ್ರಿಕೆಗಳಲ್ಲಿ ಅದರ ಚಿತ್ರ ಬಂದಿದ್ದರೆ ಅವನ ಬಾಳು ಬೇರೆಯಾಗುತ್ತಿತ್ತೋ ಏನೋ. ಪಾರಿತೋಷಕಕ್ಕಿಂತ ಹೆಚ್ಚಾಗಿ ಅಂದು ಅವನಿಂದ ಕಸಿದುಕೊಂಡುದು ಆ ಅವಕಾಶವನ್ನು.

ಆದರೂ ವರ್ಷದಿಂದ ವರ್ಷಕ್ಕೆ ಅವನ ಸ್ಥಾನವು ಏರಿತು. ಗ್ರ್ಯಾಂಡ್ ನ್ಯಾಷನಲ್ ದರ್ಜೆಯಲ್ಲಿ ಆಗ ಪ್ರತಿ ಪಂದ್ಯಕ್ಕೂ ಸ್ಥಾನಕ್ಕನುಗುಣವಾಗಿ ಅಂಕಗಳನ್ನು ಕೊಟ್ಟು, ವರ್ಷದ ಕೊನೆಯಲ್ಲಿ ಕೂಡಿಸುತ್ತಿದ್ದರು. ಗೆಲ್ಲದಿದ್ದರೂ ಬಿಡದೆ ಓಡಿ, ಕಾರನ್ನು ಮುರಿಯದೆ ಗುರಿ ಮುಟ್ಟಿಸುವವನಿಗೆ ಅಲ್ಲಿ ಬೆಲೆಯಿತ್ತು. 1966ರಲ್ಲಿ ಸ್ಕಾಟನು ಇಡೀ ದೇಶಕ್ಕೆ ಆರನೆಯವನಾದನು. 1969ರವರೆಗೆ ಪ್ರತಿ ವರ್ಷವೂ ಮೊದಲ ಹತ್ತು ಮಂದಿಯಲ್ಲಿ ಅವನ ಹೆಸರಿತ್ತು. ಸಂಬಳದ ತಂಡಗಳ ಎದುರು, ಎರವಲು ಬಿಡಿಭಾಗಗಳ ಕಾರಿನಿಂದ ಪಡೆದ ಈ ಸ್ಥಾನಗಳು ನಮಗೆ ಜ್ಯಾಕ್ಸನ್‌ವಿಲ್‌ನ ಗೆಲುವಿಗಿಂತಲೂ ದೊಡ್ಡವೆಂದು ತೋರಿದರೆ ಆಶ್ಚರ್ಯವಿಲ್ಲ. ಇಷ್ಟಾದರೂ 500 ಮೈಲಿಗಳ ಪಂದ್ಯಕ್ಕೆ ಹೆಸರಾದ ಡಾರ್ಲಿಂಗ್‌ಟನ್ ಪಥದ ಬಾಗಿಲು ಅವನಿಗೆ ಹಲವು ವರ್ಷ ಮುಚ್ಚಿಯೇ ಇತ್ತು. ಕೆಲವೆಡೆಗಳಲ್ಲಿ ಕಾರನ್ನು ತಪಾಸಣೆ ಮಾಡುವವರು ಬಣ್ಣ ಚಕ್ಕೆಯೆದ್ದಿದೆ ಎಂಬಂಥ ನೆಪಗಳನ್ನು ಹುಡುಕಿ ಅವನನ್ನು ತಡೆಯುತ್ತಿದ್ದುದೂ ಉಂಟು.

1970ರ ದಶಕ ಬಂದಾಗ ಆಟವೇ ಬದಲಾಗಿತ್ತು. ಮಣ್ಣಿನ ಪಥಗಳು ಒಂದೊಂದಾಗಿ ಮರೆಯಾದವು. ಅವುಗಳ ಸ್ಥಾನದಲ್ಲಿ ಎರಡು ಮೈಲಿಗೂ ಮೀರಿದ ಸುತ್ತಳತೆಯ, ತಿರುವುಗಳಲ್ಲಿ ಗೋಡೆಯಂತೆ ಓರೆಯಾದ ಡಾಂಬರು ಪಥಗಳ ದೂರದ ಓಟಗಳೇ ಮುಖ್ಯವಾದವು. ಅಲ್ಲಿ ಚಾಲಕನ ಚಾತುರ್ಯಕ್ಕಿಂತ ಎಂಜಿನ್ನಿನ ಶಕ್ತಿಗೆ ಬೆಲೆ ಹೆಚ್ಚು. 1972ರಲ್ಲಿ ಷಾರ್ಲಟ್ ನಗರದ 600 ಮೈಲಿಗಳ ಪಂದ್ಯಕ್ಕೆ ಹೆಸರಾಂತ ತಂಡವೊಂದು ಸಿದ್ಧಪಡಿಸಿದ ಕಾರು ಅವನಿಗೆ ದೊರೆಯಿತು. ಜೀವಮಾನದಲ್ಲಿ ಒಮ್ಮೆ ಒದಗಿದ ಆ ಅವಕಾಶವೂ ಓಟದ ನಡುವೆ ಎಂಜಿನ್ ಕೆಟ್ಟು ಕೈತಪ್ಪಿತು.

ಮರುವರ್ಷ ಅವನು ಸಾಲ ಮಾಡಿ ಒಂದು ಮರ್ಕ್ಯುರಿ ಕಾರನ್ನು ಹೊಂದಿಸಿಕೊಂಡನು. 1973ರ ಮೇ 6ರಂದು ಅಲಬಾಮಾ ರಾಜ್ಯದ ಟಾಲಡೀಗ ಪಥದಲ್ಲಿ 500 ಮೈಲಿಗಳ ಪಂದ್ಯ. ಅಂದು ಅರುವತ್ತು ಕಾರುಗಳು ಓಟವನ್ನು ಆರಂಭಿಸಿದವು. ಆರಂಭದ ಕೆಲವು ಸುತ್ತುಗಳಲ್ಲಿಯೇ ಒಂದು ಕಾರಿನ ಎಂಜಿನ್ ಸಿಡಿದು, ಹಿಂದಿನಿಂದ ಬಂದ ಸುಮಾರು ಇಪ್ಪತ್ತು ಕಾರುಗಳು ಒಂದರ ಮೇಲೊಂದು ಬಿದ್ದವು. ಸ್ಕಾಟನ ಪಕ್ಕೆಲುಬುಗಳೂ ಸೊಂಟದ ಮೂಳೆಯೂ ಮೊಣಕಾಲುಗಳೂ ಮುರಿದವು. ಕಾರು ನುಗ್ಗಾಯಿತು, ಸಾಲವು ಉಳಿಯಿತು. ಅದೇ ವರ್ಷದ ಕೊನೆಯಲ್ಲಿ ಷಾರ್ಲಟ್ ನಗರದ ಪಂದ್ಯವೊಂದರಲ್ಲಿ ಕಾಣಿಸಿಕೊಂಡು ಹನ್ನೆರಡನೆಯವನಾಗಿ ಓಟ ಮುಗಿಸಿದ್ದೇ ಅವನ ಕಡೆಯ ಪಂದ್ಯ. ಆಗ ಅವನಿಗೆ ಐವತ್ತೆರಡು ವರ್ಷ. ಅತ್ಯುನ್ನತ ದರ್ಜೆಯಲ್ಲಿ ಅವನು ಓಡಿದ ಪಂದ್ಯಗಳು 495. ಅವುಗಳಲ್ಲಿ 147 ಬಾರಿ ಮೊದಲ ಹತ್ತು ಮಂದಿಯಲ್ಲಿ ಬಂದನು. ದಾಖಲೆಯಲ್ಲಿರುವ ಗೆಲುವು ಒಂದೇ.

ಅನಂತರ ಅವನು ಡ್ಯಾನ್‌ವಿಲ್‌ನ ತನ್ನ ಗ್ಯಾರೇಜಿಗೆ ಮರಳಿ, ಊರವರ ಕಾರುಗಳನ್ನು ರಿಪೇರಿ ಮಾಡುತ್ತ ಬಾಳಿದನು. 1977ರಲ್ಲಿ ಅವನ ಜೀವನವನ್ನು ಆಧರಿಸಿದ ಒಂದು ಚಲನಚಿತ್ರವು ತೆರೆಕಂಡಿತು. ಅದರಿಂದ ಅವನ ಹೆಸರು ಹೆಚ್ಚು ಜನರಿಗೆ ತಿಳಿಯಿತಾದರೂ ಬಡತನವು ನೀಗಲಿಲ್ಲ. ಬೆನ್ನುಮೂಳೆಯ ಕ್ಯಾನ್ಸರಿನಿಂದ ನರಳಿ 1990ರ ಡಿಸೆಂಬರ್ 23ರಂದು ತೀರಿಕೊಂಡನು. ಬೇಕರನ ಮನೆ ಸೇರಿದ್ದ ಪಾರಿತೋಷಕವು ಅವನ ಕೈಗೆ ಬರಲೇ ಇಲ್ಲ.

2010ರಲ್ಲಿ ಜ್ಯಾಕ್ಸನ್‌ವಿಲ್‌ನ ಸ್ಟಾಕ್ ಕಾರ್ ಅಭಿಮಾನಿಗಳ ಸಂಸ್ಥೆಯು ಅದರ ಪ್ರತಿಕೃತಿಯೊಂದನ್ನು ಮಾಡಿಸಿ ಕುಟುಂಬಕ್ಕೆ ಕೊಟ್ಟಿತು. 2015ರ ಜನವರಿಯಲ್ಲಿ ನ್ಯಾಸ್ಕಾರ್ ತನ್ನ ಕೀರ್ತಿಮಂದಿರದಲ್ಲಿ ಸ್ಕಾಟನ ಹೆಸರನ್ನು ಸೇರಿಸಿತು. ಆ ಗೌರವವನ್ನು ಪಡೆದ ಕಪ್ಪು ವರ್ಣದವರಲ್ಲಿ ಅವನೇ ಮೊದಲಿಗ. ಅತ್ಯುನ್ನತ ದರ್ಜೆಯ ಪಂದ್ಯವನ್ನು ಗೆದ್ದ ಎರಡನೆಯ ಕಪ್ಪು ಚಾಲಕನನ್ನು ಕಾಣಲು 2021ರ ಅಕ್ಟೋಬರ್ 4ರವರೆಗೆ, ಎಂದರೆ ಸುಮಾರು ಐವತ್ತೆಂಟು ವರ್ಷ, ಕಾಯಬೇಕಾಯಿತು. ಅಂದು ಬಬ್ಬಾ ವಾಲೆಸ್ ಎಂಬ ತರುಣನು ಗೆದ್ದುದು, ಸ್ಕಾಟನ ಮೂಳೆ ಮುರಿದ ಟಾಲಡೀಗ ಪಥದಲ್ಲಿಯೇ. ಅದಕ್ಕೆ ಕೆಲವು ವಾರಗಳ ಹಿಂದೆ, ಆಗಸ್ಟ್ 28ರಂದು, ಸ್ಕಾಟನು ಹುಟ್ಟಿ ನೂರು ವರ್ಷ ತುಂಬುವ ಮುನ್ನಾದಿನ, ಡೇಟೋನಾ ಪಂದ್ಯಾಂಗಣದಲ್ಲಿ ನ್ಯಾಸ್ಕಾರ್ ಅಧಿಕಾರಿಗಳು ಪ್ರೇಕ್ಷಕರೆದುರಿನಲ್ಲಿ 1963ರ ಆ ಪಂದ್ಯದ ಪಾರಿತೋಷಕವನ್ನು ಹೊಸದಾಗಿ ಮಾಡಿಸಿ ಸ್ಕಾಟನ ಕುಟುಂಬದವರಿಗೆ ಒಪ್ಪಿಸಿದರು. ಬಾಲಕನಾಗಿದ್ದಾಗ ತಂದೆಯ ಪಿಟ್‌ನಲ್ಲಿ ದುಡಿದಿದ್ದ ಮಗ ಫ್ರ್ಯಾಂಕನು ಆ ಹೊತ್ತಿಗೆ ವೃದ್ಧನಾಗಿದ್ದನು.